ನೀರೊಲೆಯ ಕಾರ್ಡು

ಎಳ್ಳಮಾಸಿಗೆ, ಅಂದರೆ ಎಳ್ಳ ಅಮಾವಾಸ್ಯೆಗೆ, ಇನ್ನೊಂದು ವಾರ ಇರುವಾಗ ಸಂಶಿ ಹಳ್ಳಿಗೆ ಹೊಸ ರೇಷನ್ ಕಾರ್ಡುಗಳು ಬಂದವು. ಗುಡದಪ್ಪನ ಮನೆಗೆ ಒಂದು ಬರಬೇಕಿತ್ತು, ಎರಡು ಬಂದವು. ಒಂದರಲ್ಲಿ ಗುಡದಪ್ಪ, ಹೆಂಡತಿ ತಾಯವ್ವ, ಮದುವೆಯಾಗದ ಮಗಳು ಕಸ್ತೂರೆವ್ವ. ಇನ್ನೊಂದರಲ್ಲಿ ಮಗ ಯಲ್ಲಪ್ಪ, ಸೊಸೆ ಮೈಲಾರವ್ವ, ಅವರ ಇಬ್ಬರು ಮಕ್ಕಳು. ಒಂದೇ ಬುಟ್ಟಿಯ ರೊಟ್ಟಿ ತಿನ್ನುತ್ತಿದ್ದ ಮನೆಯನ್ನು ಸರ್ಕಾರ ಯಾರನ್ನೂ ಕೇಳದೆ ಎರಡು ಪಾಲು ಮಾಡಿ ಕಳಿಸಿತ್ತು.

ಸರ್ಕಾರವನ್ನು ಬೈದು ಸುಮ್ಮನಾಗುವ ಹಾಗೂ ಇರಲಿಲ್ಲ. ಆ ಕಾರ್ಡುಗಳ ಹಿಂದೆ ಇದ್ದದ್ದು ಹುಬ್ಬಳ್ಳಿಯ ‘ನವಗಣಕ’ ಎಂಬ ಕಂಪ್ಯೂಟರ್ ಕಂಪನಿ. ಮನೆಮನೆಯ ಮಾಹಿತಿಯನ್ನು ಯಂತ್ರಕ್ಕೆ ತುಂಬಿ, ಎಲ್ಲಿ ಎಷ್ಟು ಕುಟುಂಬ, ಯಾರಿಗೆಷ್ಟು ಸಕ್ಕರೆ, ಯಾರಿಗೆಷ್ಟು ಚಿಮಣಿ ಎಣ್ಣೆ ಎಂದು ತೆಗೆದು ಇಲಾಖೆಗೆ ಕೊಡುವುದು ಅದರ ಕೆಲಸ. ಆ ಕಂಪನಿಯ ಸರ್ಕಾರಿ ಗುತ್ತಿಗೆಗಳಿಗೆಲ್ಲ ಮುಖ್ಯಸ್ಥೆಯಾಗಿದ್ದವಳು ಬೇರೆ ಯಾರೂ ಅಲ್ಲ, ಇದೇ ಮನೆಯ ಕಸ್ತೂರೆವ್ವ. ಧಾರವಾಡದಲ್ಲಿ ಸಂಖ್ಯಾಶಾಸ್ತ್ರದ ಎಂ.ಎಸ್ಸಿ. ಮಾಡಿದವಳು. ಬೆಳಗಿನ ಪ್ಯಾಸೆಂಜರ್ ಗಾಡಿಗೆ ಹುಬ್ಬಳ್ಳಿಗೆ ಹೋಗಿ ಸಂಜೆಯ ಗಾಡಿಗೆ ಮರಳುತ್ತಿದ್ದಳು. ಅಲ್ಲಿ ಕಸ್ತೂರಿ ಮೇಡಂ, ಇಲ್ಲಿ ಕಸ್ತೂರೆವ್ವ. ಕುಂದಗೋಳ ತಾಲೂಕಿನ ಕೆಲಸ ಒಂದು ಪರೀಕ್ಷೆ ಇದ್ದ ಹಾಗೆ. ಇದು ಸರಿಯಾಗಿ ಆದರೆ ಇಡೀ ಜಿಲ್ಲೆಯ ಗುತ್ತಿಗೆ ನಿಮಗೇ ಎಂದು ಇಲಾಖೆ ಮಾತು ಕೊಟ್ಟಿತ್ತು.

ಸಂಜೆ ಅವಳು ಚಪ್ಪಲಿ ಬಿಡುವ ಮೊದಲೇ ಗುಡದಪ್ಪ ಎರಡೂ ಕಾರ್ಡು ಮುಂದೆ ಹಿಡಿದ.

“ಏನವಾ ಇದು? ನಿನ್ನ ಮಷಿನ್ನು ನಮ್ಮನ್ನ ಬ್ಯಾರೆ ಇಟ್ಟೈತಲ್ಲ?”

“ಏನೋ ತಪ್ಪಾಗೇತಿ ಅಪ್ಪಾ. ಸರ್ವೇದವರು ಬಂದಾಗ ಮನ್ಯಾಗ ಯಾರಿದ್ರಿ?”

“ನಾನ ಇದ್ದೆ,” ಎಂದು ತಾಯವ್ವ ಅಡಿಗೆಮನೆಯಿಂದಲೇ ಹೇಳಿದಳು. “ಸಾಲಿ ಮಾಸ್ತರ ಬಂದಿದ್ದ. ಒಲಿ ಎಷ್ಟದಾವು ಅಂದ. ಎರಡ ಅಂದೆ.”

“ಎರಡ? ಎರಡನೇದು ಎಲ್ಲೈತಬೇ?”

“ಹಿತ್ತಲದಾಗ ಐತೆಲ್ಲ, ಅದೇನ ದನದ ಗ್ವಾದಲೀನ?”

“ಅದು ನೀರೊಲಿ ಬೇ! ಮೈ ತೊಳಿಯೋ ನೀರ ಕಾಸೋ ಒಲಿ!”

“ನೀರೊಲಿ ಒಲಿ ಅಲ್ಲೇನ? ಒಂದ ಒಲಿ ಅಂತ ಹೇಳಿ, ಗುಡದಪ್ಪನ ಮನ್ಯಾಗ ತಣ್ಣೀರಾಗ ಮೈ ತೊಳಕೋತಾರ ಅಂತ ಸರ್ಕಾರದಾಗ ಬರಸ್ಲೇನ?”

ಕಸ್ತೂರೆವ್ವ ಪಡಸಾಲೆಯ ಕಂಬಕ್ಕೆ ಒರಗಿ ನಿಂತಳು. ಇಲಾಖೆ ಮೊದಲು ಕಳಿಸಿದ ಪ್ರಶ್ನೆ ‘ಪ್ರತ್ಯೇಕ ಪಾಕ ವ್ಯವಸ್ಥೆ ಇದೆಯೇ?’ ಎಂದಿತ್ತು. ಅದನ್ನು ಹೊಡೆದುಹಾಕಿ ‘ಮನೆಯಲ್ಲಿ ಒಲೆ ಎಷ್ಟು?’ ಎಂದು ತಿದ್ದಿದವಳು ಅವಳೇ. ಒಂದು ಒಲೆಯಲ್ಲಿ ಉಂಡವರು ಒಂದು ಕುಟುಂಬ, ಹಳ್ಳಿಯ ಮಂದಿಗೆ ಹೀಗೆ ಕೇಳಿದರೇ ತಿಳಿಯುವುದು, ನಾನೂ ಹಳ್ಳಿಯವಳೇ ಸರ್ ಎಂದು ಬೆಂಗಳೂರಿನ ಸಭೆಯಲ್ಲಿ ಎದೆಯುಬ್ಬಿಸಿ ಹೇಳಿ ಬಂದಿದ್ದಳು. ದಿನಾ ಆ ನೀರೊಲೆಯ ಬಿಸಿನೀರಿನಲ್ಲೇ ಮೈ ತೊಳೆದು ಗಾಡಿ ಹತ್ತುವವಳಿಗೆ ಅದೂ ಒಂದು ಒಲೆ ಎನ್ನುವುದು ನೆನಪಿಗೇ ಬಂದಿರಲಿಲ್ಲ. ಅದೆಲ್ಲ ಬೆಂಕಿ ಹಚ್ಚುವವಳಿಗೆ ನೆನಪಿರುತ್ತದೆ.

ಹಚ್ಚುವವಳು ಮೈಲಾರವ್ವ. ಅವಳು ಈ ಗದ್ದಲದಲ್ಲಿ ಬಾಯಿ ಹಾಕಲಿಲ್ಲ. ಗಂಡನ ಹೆಸರಿದ್ದ ಕಾರ್ಡನ್ನು ಮಾವನ ಕೈಯಿಂದ ಇಸಿದುಕೊಂಡು ಅಕ್ಷರಕ್ಕೆ ಅಕ್ಷರ ಕೂಡಿಸಿ ಓದಿದಳು. ಕುಟುಂಬದ ಮುಖ್ಯಸ್ಥ ಯಲ್ಲಪ್ಪ, ಹೆಂಡತಿ ಮೈಲಾರವ್ವ. ಹಳೆಯ ಕಾರ್ಡಿನಲ್ಲಿ ಅವಳ ಹೆಸರೇ ಇರಲಿಲ್ಲ, ‘ಸೊಸೆ’ ಎಂದಷ್ಟೇ ಬರೆದಿತ್ತು.

“ಕೊಡ್ರಿ ವೈನಿ, ಅದನ್ನ ವಾಪಸ ಕಳಸಬೇಕು,” ಎಂದು ಕಸ್ತೂರೆವ್ವ ಅತ್ತಿಗೆಯ ಮುಂದೆ ಕೈ ಚಾಚಿದಳು.

“ಇರ್ಲಿ ಬಿಡು. ನನ್ನ ಹೆಸರೈತಿ ಇದರಾಗ,” ಎಂದು ಮೈಲಾರವ್ವ ಒಳಗೆ ಹೋಗಿ ಕಾರ್ಡನ್ನು ತನ್ನ ಟ್ರಂಕಿನಲ್ಲಿ ಸೀರೆಗಳ ಕೆಳಗೆ ಇಟ್ಟಳು.

ಆ ಮನೆಯ ಬೆಳಗು ಹೇಗಿತ್ತೆಂದು ಇಲ್ಲೇ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಮೈಲಾರವ್ವನದೇ ತಪ್ಪು ಎಂದುಕೊಳ್ಳುವವರು ಬಹಳ. ಎಲ್ಲರಿಗಿಂತ ಮೊದಲು ಎದ್ದು ಅವಳು ಹಿತ್ತಲ ಒಲೆಗೆ ಬೆಂಕಿ ಹಾಕಿ ಹಂಡೆಯ ನೀರು ಕಾಯಲಿಕ್ಕೆ ಇಡಬೇಕು. ಒಳಗೆ ಬಂದು ಇನ್ನೊಂದು ಒಲೆ ಹಚ್ಚಿ, ನಾದಿನಿಯ ಗಾಡಿ ಬರುವುದರೊಳಗೆ ಜೋಳದ ರೊಟ್ಟಿ ಬಡಿದು, ಪಲ್ಲೆ ಮಾಡಿ, ಬುತ್ತಿ ಕಟ್ಟಬೇಕು. ಆಮೇಲೆ ಮಾವನ ಚಹಾ, ಗಂಡನ ಹೊಲದ ಬುತ್ತಿ, ಮಕ್ಕಳ ಸಾಲಿ, ದನದ ಕಸ. ಕಸ್ತೂರೆವ್ವ ಪಗಾರದಲ್ಲಿ ಒಂದು ಸ್ಟೋವ್ ತಂದಿಟ್ಟಿದ್ದಳು. ಅದರ ಮೇಲೆ ಮಾಡಿದ ರೊಟ್ಟಿ ಚಿಮಣಿ ಎಣ್ಣೆ ನಾರುತ್ತದೆ ಎಂದು ಗುಡದಪ್ಪ ತಾಟು ಸರಿಸಿದ ಮೇಲೆ ಅದು ಚಹಾಕ್ಕೆ ಮಾತ್ರ ಉಳಿಯಿತು. ಹೊಲದ ಪಂಪು ಬಂದದ್ದೂ ಪಡಸಾಲೆಗೆ ಫರಸಿ ಕಲ್ಲು ಹಾಸಿದ್ದೂ ಕಸ್ತೂರೆವ್ವನ ಪಗಾರದಿಂದಲೇ. ಹಾಗಾಗಿ ಅವಳಿಗೆ ಒಂದು ಕೊಡ ಎತ್ತು ಎಂದು ಯಾರೂ ಹೇಳುತ್ತಿರಲಿಲ್ಲ, ಅವಳೂ ಕೇಳಿಸಿಕೊಳ್ಳಲು ಕಾದವಳಲ್ಲ.

ಎಳ್ಳಮಾಸಿಯ ದಿನ ಭೂಮಿತಾಯಿಗೆ ಎಡೆಯ ಚರಗ ಚೆಲ್ಲಲು ಹೊಲಕ್ಕೆ ಹೋಗಬೇಕು. ಮೈಲಾರವ್ವ ಸಜ್ಜೆ ರೊಟ್ಟಿ, ಎಣ್ಣೆಗಾಯಿ ಬದನೆಕಾಯಿ, ಪುಂಡಿಪಲ್ಲೆ, ಶೇಂಗಾ ಹೋಳಿಗೆ ಎಂದು ಸೊಂಟ ನೆಟ್ಟಗೆ ಮಾಡದೆ ಕುಳಿತಿದ್ದಳು. ಕಸ್ತೂರೆವ್ವನಿಗೆ ಆಫೀಸು ಬಿಡುವ ಹಾಗಿರಲಿಲ್ಲ, ನೀರೊಲೆಯ ಸುದ್ದಿಯನ್ನು ಅವತ್ತು ಮಾಲೀಕರಿಗೆ ಹೇಳಲೇಬೇಕಿತ್ತು. ತಲೆ ಬಾಚಿಕೊಳ್ಳುತ್ತ ಅಡಿಗೆಮನೆಗೆ ಇಣುಕಿದಳು.

“ವೈನಿ, ಇವತ್ತ ಆಫೀಸಿನ್ಯಾಗ ಎಲ್ಲಾರೂ ಇರತಾರ. ಸಜ್ಜಿ ರೊಟ್ಟಿ ಇನ್ನ ನಾಕ ಹೆಚ್ಚಿಗಿ ಇಡ್ರಿ.”

ಮೈಲಾರವ್ವ ಬಡಿಯುತ್ತಿದ್ದ ಕೈ ನಿಲ್ಲಿಸಿದಳು.

“ಯಾರ ಕಾರ್ಡಿನ ರೊಟ್ಟಿ?”

“ಅಂದ್ರ?”

“ನಿನ್ನ ಹೆಸರ ಅತ್ತೀ ಕಾರ್ಡಿನ್ಯಾಗ ಐತಿ. ಅತ್ತೀನ ಕೇಳು.”

ತಾಯವ್ವ ಎಳ್ಳು ಹುರಿಯುತ್ತಿದ್ದವಳು ತಿರುಗಿದಳು. “ಏನಂದಿ? ಹಬ್ಬದ ದಿನ ಬಾಯಾಗ ಇಂಥಾ ಮಾತ?”

“ನಾ ಅಂದದ್ದಲ್ರಿ ಅತ್ತಿ. ಸರ್ಕಾರ ಅಂದದ್ದು, ನಿಮ್ಮ ಮಗಳ ಬರದದ್ದು.”

“ಅದು ತಪ್ಪಾಗಿ ಬಂದೈತಿ ಅಂತ ಹೇಳೇನಲ್ಲ ವೈನಿ!”

“ನಿನಗ ತಪ್ಪು. ನನಗ ಅದ ಖರೇ ಅನಿಸೇತಿ.”

ಗುಡದಪ್ಪ ಬಾಗಿಲಿಗೆ ಬಂದ. “ಸಾಕ ಬಿಡವಾ. ಬುತ್ತಿ ಕಟ್ಟು, ಹೊಲಕ್ಕ ಹೊತ್ತಾತು.”

“ಇವತ್ತ ಕಟ್ಟತೀನ್ರಿ ಮಾವಾ. ನಾಳಿಂದ ನನ್ನ ಒಲಿ ಮ್ಯಾಲ ನನ್ನ ಮಂದೀಗಷ್ಟ.”

“ಯಾವದದು ನಿನ್ನ ಒಲಿ?”

“ಹಿತ್ತಲದಾಗಿಂದ್ರಿ. ಎರಡನೇ ಒಲಿ ಅಂತ ಅತ್ತೀನ ಬರಸ್ಯಾರಲ್ಲ.”

ಯಲ್ಲಪ್ಪ ಅಂಗಳದಲ್ಲಿ ಎತ್ತಿನ ಹಗ್ಗ ಹಿಡಿದು ನಿಂತಿದ್ದ. ಎಲ್ಲರೂ ಅವನ ಕಡೆ ನೋಡಿದರು. ಅವನು ಹೆಂಡತಿಯನ್ನೂ ನೋಡಲಿಲ್ಲ, ಅಪ್ಪನನ್ನೂ ನೋಡಲಿಲ್ಲ. “ಹೋಗೂಣು ನಡೀರಿ, ಎತ್ತ ನಿಂತಾವು,” ಎಂದ. ಅಂಥ ಹೊತ್ತಿನಲ್ಲಿ ಎತ್ತಿನ ಮೇಲೆ ಕನಿಕರ ಬರುವ ಗಂಡಸರು ನಮ್ಮ ಕಡೆ ಕಡಿಮೆಯೇನಿಲ್ಲ. ಹೊಲದಲ್ಲಿ ಜೋಳದ ಸಾಲಿನ ನಡುವೆ ಕುಳಿತು ಎಲ್ಲರೂ ಹೊಟ್ಟೆ ತುಂಬ ಉಂಡು, ಕೈ ತೊಳೆದವರೇ ಬಂಡಿ ಹತ್ತಿದರು.

ಹುಬ್ಬಳ್ಳಿಯಲ್ಲಿ ಕಸ್ತೂರೆವ್ವನಿಗೆ ಅದಕ್ಕಿಂತ ಹೆಚ್ಚಿನ ಹಬ್ಬ ಕಾದಿತ್ತು. ಕಂಪನಿಯ ಮಾಲೀಕ ದೇಸಾಯರು ಪ್ರಿಂಟರಿನಿಂದ ಬಂದ ಹಾಳೆಯ ಸುರುಳಿಯನ್ನು ಮೇಜಿನ ಮೇಲೆ ಹರಡಿ ಕುಳಿತಿದ್ದರು.

“ಮೇಡಂ, ಮಂದಿ ಹೆಚ್ಚಾಗಿಲ್ಲ, ಮನಿ ಹೆಚ್ಚಾಗಿಲ್ಲ. ಕುಟುಂಬ ಮಾತ್ರ ಹೆಂಗ ಹೆಚ್ಚಾದ್ವು?”

“ನೀರೊಲಿ ಸರ್.”

“ಏನು?”

ಅವಳು ಹೇಳಿದಳು. ಹೇಳುತ್ತ ಹೋದಂತೆ ದೇಸಾಯರ ಮುಖ ಸಣ್ಣದಾಗುತ್ತ ಹೋಯಿತು. “ಕುಟುಂಬಕ್ಕ ಇಷ್ಟು ಅಂತ ನಮಗ ಬಿಲ್ ರೊಕ್ಕಾ ಕೊಡ್ತಾರ. ಇಲಾಖೆಯವರು ಏನಂತಾರ ಗೊತ್ತದನೂ? ಬಿಲ್ ಬೆಳಸಲಿಕ್ಕೆ ಒಲಿ ಬೆಳಸ್ಯಾರ ಅಂತಾರ!”

ಫೋನು ಹಚ್ಚಿ ಬೆಂಗಳೂರಿನ ಅಧಿಕಾರಿಗೂ ಅವಳೇ ಹೇಳಬೇಕಾಯಿತು. “ನೀವೇ ಅಲ್ವಾ ಮೇಡಂ, ಹಳ್ಳಿ ನಂಗೆ ಚೆನ್ನಾಗಿ ಗೊತ್ತು ಅಂದಿದ್ದು?” ಎಂದಿತು ಫೋನು. ಶಿವರಾತ್ರಿಯೊಳಗೆ ಸ್ವಂತ ಖರ್ಚಿನಲ್ಲಿ ಮನೆಮನೆಗೆ ತಿರುಗಿ ಸರಿಮಾಡಿ, ಹೆಚ್ಚಿನ ಕಾರ್ಡು ವಾಪಸು ತರಬೇಕು. ಆಗದಿದ್ದರೆ ಜಿಲ್ಲೆಯ ಗುತ್ತಿಗೆ ಮರೆತುಬಿಡಿ. ಕಸ್ತೂರೆವ್ವನಿಗೆ ಅಳುವೂ ಸಿಟ್ಟೂ ಒಟ್ಟಿಗೆ ಬಂದವು. ಕೆಳಗಿನವರ ಮುಂದೆ ಎರಡನ್ನೂ ತೋರಿಸುವ ಹಾಗಿಲ್ಲ, ಡಬ್ಬಿ ತೆರೆದು ಮೈಲಾರವ್ವ ಕಟ್ಟಿದ ಸಜ್ಜೆ ರೊಟ್ಟಿ ತಿಂದಳು. ಕೇಳಿದ್ದಕ್ಕಿಂತ ಒಂದು ಹೆಚ್ಚೇ ಇತ್ತು. ಅದನ್ನು ಡಬ್ಬಿಯಲ್ಲೇ ಬಿಟ್ಟು ಮುಚ್ಚಳ ಹಾಕಿದಳು.

ಮೈಲಾರವ್ವ ಆಡಿದ ಹಾಗೆ ಮಾಡಿದಳು. ಹಂಡೆ ಇಳಿಸಿ, ಒಲೆಯ ಬಾಯಿ ಮಣ್ಣಿನಿಂದ ಸಣ್ಣದು ಮಾಡಿ ಸಾರಿಸಿದಳು. ಸಂಶಿಯ ಸಂತೆಯಲ್ಲಿ ರೊಟ್ಟಿ ಬೇಯಿಸುವ ಒಂದು ಕಬ್ಬಿಣದ ಹಂಚು ಕೊಂಡಳು. ಯಲ್ಲಪ್ಪ ಅಪ್ಪನ ಕಣ್ಣೆದುರೇ ಒಂದು ಚೀಲ ಜೋಳ ಹೊತ್ತು ಹಿತ್ತಲಿಗೆ ಹೋಗಿ ಮೇಲೊಂದು ತಗಡು ಹೊದಿಸಿಕೊಟ್ಟ.

“ಹೆಣ್ತಿ ಹೇಳಿದ್ಲು, ಚೀಲ ಹೊತ್ತಿ,” ಎಂದ ಗುಡದಪ್ಪ.

“ಮತ್ತೇನ ಮಾಡ್ಲಿ ಅಪ್ಪಾ? ಆಕಿ ಹೊತ್ರ ಛಲೋ ಕಾಣತಿತ್ತೇನು?”

“ಬ್ಯಾರೆ ಆಗೂದಾದ್ರ ನಾಕ ಮಂದಿ ಹಿರಿಯಾರ್ನ ಕೂಡಿಸಿ ಆಗ್ರಿ. ಮಷಿನ್ನಿನ ಮಾತ ಕೇಳಿ ಆಗತಾರೇನಲೇ?”

“ಆಕಿ ಹೊಲ ಕೇಳಿಲ್ಲ, ಮನಿ ಕೇಳಿಲ್ಲ. ಒಲಿ ಕೇಳ್ಯಾಳ. ಅದಕ್ಯಾಕ ಹಿರಿಯಾರು?”

ಇಲ್ಲಿ ಒಂದು ಫಜೀತಿ ಯಾರಿಗೂ ಮೊದಲು ಹೊಳೆದಿರಲಿಲ್ಲ. ನೀರೊಲೆ ಅಡಿಗೆ ಒಲೆಯಾದ ಮೇಲೆ ಮೈ ತೊಳೆಯಲು ಬಿಸಿನೀರು ಎಲ್ಲಿಯದು? ಒಳಗಿನ ಒಲೆಯ ಮೇಲೆ ಆ ಹಂಡೆ ಕೂಡುತ್ತಿರಲಿಲ್ಲ. ಪುಷ್ಯದ ಚಳಿಯಲ್ಲಿ ಗುಡದಪ್ಪ ಬಚ್ಚಲಲ್ಲಿ ತಂಬಿಗೆ ಹಿಡಿದು ಶಿವಶಿವಾ ಎಂದು ಕೂಗುವುದು ಓಣಿಗೆಲ್ಲ ಕೇಳುತ್ತಿತ್ತು. ಯಾವ ಅಪಮಾನಕ್ಕೆ ಹೆದರಿ ತಾಯವ್ವ ಎರಡು ಒಲೆ ಬರೆಸಿದ್ದಳೋ ಅದೇ ಅಪಮಾನ ದಿನಾ ಬೆಳಿಗ್ಗೆ ಗಂಟಲು ತೆರೆಯುತ್ತಿತ್ತು.

ಒಳಗಿನ ಒಲೆಯ ಮುಂದೆ ಮತ್ತೆ ತಾಯವ್ವ ಕುಳಿತಳು. ಅವಳ ಬೆರಳಿನ ಗೆಣ್ಣುಗಳು ಊದಿದ್ದವು, ರೊಟ್ಟಿ ತೆಳ್ಳಗೆ ಬರುತ್ತಿರಲಿಲ್ಲ. ಗುಡದಪ್ಪ ಒಂದು ತುತ್ತು ಮುರಿದು ನೋಡಿದ.

“ಇದೇನ ರೊಟ್ಟಿನೋ ಕಲ್ಲಿನ ಬಿಲ್ಲೇನೋ?”

“ಛಲೋದು ಬೇಕಾದ್ರ ಹಿತ್ತಲಕ್ಕ ಹೋಗಿ ಕೈ ಒಡ್ಡರಿ.”

ಮಕ್ಕಳಿಬ್ಬರೂ ಅವ್ವನ ರೊಟ್ಟಿ ಕೈಯಲ್ಲಿ ಹಿಡಿದು ಒಳಗೆ ಬಂದು ಅಜ್ಜಿಯ ಹತ್ತಿರ ಕೆನೆಮೊಸರು ಹಾಕಿಸಿಕೊಂಡು ಹೋಗುತ್ತಿದ್ದರು. ಬ್ಯಾರೆ ಆದದ್ದರ ಲಾಭ ಸಿಕ್ಕಿದ್ದು ಅವರಿಗೊಂದೇ. ಕಸ್ತೂರೆವ್ವ ಹುಬ್ಬಳ್ಳಿಯ ಖಾನಾವಳಿಯಲ್ಲಿ ಉಣ್ಣತೊಡಗಿದಳು. ಮಗಳು ಹೊರಗೆ ಉಣ್ಣುತ್ತಾಳೆಂದು ತಾಯವ್ವ ಅದಕ್ಕೂ ಅತ್ತಳು. ಹಾಗಾದರೆ ನೀನೇ ಒಂದೆರಡು ರೊಟ್ಟಿ ಬಡಿ ಎಂದು ಮಾತ್ರ ಅವಳ ಬಾಯಿಂದ ಬರಲಿಲ್ಲ.

ಊರಿನಲ್ಲಿ ಕಸ್ತೂರೆವ್ವನಿಗೆ ಹೊಸ ಹೆಸರು ಬಿದ್ದಿತ್ತು. ಸ್ಟೇಷನ್ನಿನಿಂದ ನಡೆದು ಬರುವಾಗ ಕಟ್ಟೆಯ ಮೇಲಿನವರು, “ನೀರೊಲಿ ಮೇಡಂ ಬಂದ್ರಪಾ,” ಎನ್ನುತ್ತಿದ್ದರು. ಪಕ್ಕದ ಮನೆಯ ಜಮೀಲಾಬಿ ಗೋಡೆಯ ಮೇಲಿಂದ ಬೇರೆಯೇ ತಕರಾರು ತೆಗೆದಳು.

“ನಮ್ಮತ್ತಿ ಮರಿಯಮಬಿ ಹೆಸರೀಗೆ ಎರಡನೇ ಕಾರ್ಡ ಬಂದೈತೆವಾ. ಸಕ್ಕರಿ ತನ್ನ ಡಬ್ಬ್ಯಾಗ ಹಾಕ್ಕೊಂಡು ಕೀಲಿ ಸೊಂಟಕ್ಕ ಕಟಗೊಂಡಾಳ. ಹಲ್ಲಿಲ್ಲದಾಕಿ, ದಿನಾ ಶಿರಾ ಮಾಡಿಕೊಡು ಅಂತಾಳ. ಲಗೂನ ಬಂದು ನಿನ್ನ ಕಾರ್ಡ ಒಯ್ಯಿ!”

“ಒಯ್ತೀನಿ ಕಾಕಿ. ಸ್ವಲ್ಪ ತಡಕೋರಿ.”

ಒಯ್ಯುವುದು ಹೇಗೆ ಎಂಬುದೇ ಪ್ರಶ್ನೆಯಾಗಿತ್ತು. ಮತ್ತೆ ‘ಒಲೆ ಎಷ್ಟು’ ಎಂದರೆ ಮತ್ತೆ ಎರಡೇ ಬರುತ್ತವೆ. ಒಂದು ಬೆಳಿಗ್ಗೆ ಹಿತ್ತಲಲ್ಲಿ ಹಲ್ಲುಜ್ಜುತ್ತ ನಿಂತಾಗ ಮೈಲಾರವ್ವ ಹಂಚಿನ ಮೇಲೆ ರೊಟ್ಟಿ ಹಾಕಿ ನೀರು ಸವರುವುದು ಕಸ್ತೂರೆವ್ವನ ಕಣ್ಣಿಗೆ ಬಿತ್ತು. ನೀರೊಲೆಗೆ ಹಂಚು ಇಡುವುದಿಲ್ಲ. ಉಣ್ಣುವ ಪ್ರತಿ ಮನೆಗೂ ಒಂದು ರೊಟ್ಟಿ ಹಂಚು ಇದ್ದೇ ಇರುತ್ತದೆ. ಗಾಡಿಯಲ್ಲಿ ಕುಳಿತು ಹೊಸ ಪ್ರಶ್ನೆ ಬರೆದಳು. ಈಗ ಎಷ್ಟು ಹಂಚು ಎಂದು ಕೇಳಿದರೆ ಎರಡನೇ ಕಾರ್ಡಿನ ಆಸೆಗೆ ಊರವರೆಲ್ಲ ಸಂತೆಗೆ ಓಡುತ್ತಾರೆಂದು ತಿಳಿದು, ‘ಶ್ರಾವಣದಲ್ಲಿ ಸರ್ವೆ ನಡೆದ ದಿನ ಮನೆಯಲ್ಲಿ ರೊಟ್ಟಿ ಹಂಚು ಎಷ್ಟಿದ್ದವು?’ ಎಂದು ತಿದ್ದಿದಳು. ದೇಸಾಯರು ಓದಿ ತಲೆದೂಗಿದರು.

“ಛಲೋ ಅದ. ಆದ್ರ ಮೊದಲನೇ ಮನಿ ನಿಮ್ಮದ ಆಗಬೇಕು ಮೇಡಂ. ನೀವು ನಿಮ್ಮ ಮನೀದ ಕಾರ್ಡ ತಂದಿಟ್ರ ಉಳದವರು ಕೊಡ್ತಾರ. ಇಲ್ಲಾಂದ್ರ ಒಬ್ಬರೂ ಕೊಡೂದಿಲ್ಲ.”

ಆ ಪ್ರಶ್ನೆ ಬರೆಯುವಾಗ ಮೈಲಾರವ್ವನ ಹೊಸ ಹಂಚು ಲೆಕ್ಕದಿಂದ ಹೊರಗುಳಿಯುತ್ತದೆ ಎಂಬುದು ಕಸ್ತೂರೆವ್ವನ ಮನಸ್ಸಿನಲ್ಲಿ ಇತ್ತೋ ಇಲ್ಲವೋ, ಅವಳಿಗೇ ಖಾತ್ರಿ ಇರಲಿಲ್ಲ. ಇತ್ತು ಎಂದೇ ನನಗನ್ನಿಸುತ್ತದೆ. ನ್ಯಾಯವಾದ ಮಾತು ತನಗೇ ಲಾಭವಾಗಿ ಬಂದಾಗ ಅದನ್ನು ನ್ಯಾಯ ಎನ್ನುವುದು ಬಹಳ ಸುಲಭ.

ಮನೆಯಲ್ಲಿ ಸುದ್ದಿ ತಿಳಿದ ಕೂಡಲೇ ತಾಯವ್ವನ ಮುಖ ಅರಳಿತು.

“ಅಂದ್ರ ಆಕಿ ಕಾರ್ಡ ಹೋಗತೈತಿ?”

“ಹೋಗತೈತಿ. ಶ್ರಾವಣದಾಗ ಇದ್ದದ್ದು ಒಂದ ಹಂಚ ಅಲ್ಲೇನು?”

“ಕಾರ್ಡ ಹೋದ ಮ್ಯಾಲ ಏನ ಹಿಡಕೊಂಡ ಹಿತ್ತಲದಾಗ ಕುಂದರತಾಳ? ಬಂದ ಬರತಾಳ ಒಳಗ.”

“ಕಾರ್ಡಿಂದಾ ಆತು, ಕಾರ್ಡಿಂದಾನ ಸರಿ ಆಗ್ಲಿ,” ಎಂದ ಗುಡದಪ್ಪ. “ನಿನ್ನ ಕೈಯಾಗ ಐತವಾ. ಹಬ್ಬಕ್ಕ ಬಿಸಿನೀರಾಗ ಮೈ ತೊಳಿಯೂ ಹಂಗರ ಮಾಡು.”

ಯಲ್ಲಪ್ಪ ತಂಗಿಯನ್ನು ದನದ ಮನೆಯ ಹತ್ತಿರ ತಡೆದು ನಿಲ್ಲಿಸಿದ. “ಕಸ್ತೂರಿ, ಎರಡ ಅಂತ ಬರದಬಿಡು. ಯಾರ ನೋಡಿದ್ರು ಶ್ರಾವಣದಾಗ?”

“ನಾನ ನಿಯಮಾ ಮಾಡಿ ನಾನ ಮುರೀಲೇನು ಅಣ್ಣಾ? ಊರ ಮಂದೀಗೆ ಏನಂತ ಮುಖ ತೋರಸ್ಲಿ?”

“ಊರ ಮಂದೀಗೆ ತೋರಸತಿ. ನಿಮ್ಮ ವೈನೀಗೆ ಏನ ತೋರಸತಿ?”

ಕಸ್ತೂರೆವ್ವ ಒಳಗೆ ಹೋಗಿ ಹಾಳೆಗಳನ್ನು ಜೋಡಿಸತೊಡಗಿದಳು.

ರವಿವಾರ ಬೆಳಿಗ್ಗೆ ಕಸ್ತೂರೆವ್ವ ಕೈಯಲ್ಲಿ ಹಲಗೆ, ಅದಕ್ಕೆ ಸಿಗಿಸಿದ ಹಾಳೆ ಹಿಡಿದು ತನ್ನ ಮನೆಯ ಹೊಸ್ತಿಲ ಹೊರಗೆ ನಿಂತಳು. ಪರಕೀಯಳ ಹಾಗೆ ಹೊರಗೆ ನಿಂತೇ ಕೇಳಬೇಕು, ಇಲ್ಲದಿದ್ದರೆ ಓಣಿಯವರು ಒಪ್ಪುವುದಿಲ್ಲ. ಓಣಿ ಎಲ್ಲ ಕೂಡಿತ್ತು. ಜಮೀಲಾಬಿ ತನ್ನ ಅತ್ತೆಯನ್ನೂ ಕೈಹಿಡಿದು ಕರೆತಂದು ಕೂಡಿಸಿದ್ದಳು. ಕೆಲವರು ನಗುತ್ತಿದ್ದರು.

ಕಸ್ತೂರೆವ್ವ ಮೊದಲು ತಾಯವ್ವನನ್ನು ಕೇಳಿದಳು. ತಾಯವ್ವ ದೊಡ್ಡ ದನಿಯಲ್ಲಿ, “ಒಂದ! ನಾ ತವರಿಂದ ತಂದ ಹಂಚು!” ಎಂದಳು.

ನಿಯಮದಂತೆ ಎರಡನೇ ಕಾರ್ಡಿನವರನ್ನೂ ಕೇಳಬೇಕು. ಮೈಲಾರವ್ವ ಹಿತ್ತಲಿನಿಂದ ಬಂದಳು, ಕೈಯಲ್ಲಿ ಹಿಟ್ಟು ಮೆತ್ತಿತ್ತು. ಕೇಳುವ ಮೊದಲೇ ಯಲ್ಲಪ್ಪ, “ಎರಡ ಅನ್ನು,” ಎಂದ, ಎಲ್ಲರಿಗೂ ಕೇಳುವ ಹಾಗೆ.

“ವೈನಿ, ಶ್ರಾವಣದಾಗ ಸರ್ವೇ ಬಂದ ದಿನ ಮನ್ಯಾಗ ಹಂಚ ಎಷ್ಟಿದ್ವು?”

“ಒಂದ.”

“ಲೇ, ಏನ ಮಾತಾಡತಿ?” ಎಂದ ಯಲ್ಲಪ್ಪ.

“ಇದ್ದದ್ದ ಒಂದ. ಸುಳ್ಳ ಯಾಕ ಹೇಳ್ಲಿ?” ಮೈಲಾರವ್ವ ನಾದಿನಿಯನ್ನೇ ನೋಡುತ್ತಿದ್ದಳು. “ಅದರ ಮುಂದ ಕುಂತಾಕೀನೂ ಒಬ್ಬಾಕೀನ. ಅದನ್ನೂ ಬರಕೋ.”

ಕಸ್ತೂರೆವ್ವ ಹಾಳೆ ನೋಡಿದಳು. ಹೆಸರಿಗೆ ಜಾಗ ಇತ್ತು, ವಯಸ್ಸಿಗೆ ಇತ್ತು, ಉದ್ಯೋಗಕ್ಕೆ ಇತ್ತು, ಹಂಚಿಗೂ ಇತ್ತು.

“ಅದನ್ನ ಬರಿಯಾಕ ಇದರಾಗ ಜಾಗಾ ಇಲ್ರಿ ವೈನಿ.”

“ಗೊತ್ತೈತಿ. ನಿನ್ನ ಹಾಳ್ಯಾಗೂ ಇಲ್ಲ, ನಿಮ್ಮ ಮನ್ಯಾಗೂ ಇಲ್ಲ. ನೀ ಓದಾಕ ಧಾರವಾಡಕ್ಕ ಹೊಂಟಾಗಿಂದ ನಿನ್ನ ಬುತ್ತಿ ಕಟ್ಟೇನಿ. ಮುಖ್ಯಸ್ಥಿ ಆದಿ ಅಂತ ಪೇಡೆ ಹಂಚಿದಾಗ ಎಲ್ಲಾರೂ ನಿನ್ನ ಹೊಗಳಿದ್ರು. ನಾ ಒಳಗ ಅವರೆಲ್ಲಾರಿಗೂ ಚಹಾ ಮಾಡಾಕತ್ತಿದ್ದೆ. ಒಂದ ದಿನ, ಒಂದ ದಿನರ, ವೈನಿ ನೀವ ಕುಂದರ್ರಿ ಇವತ್ತ ಅಂದೀಯೇನು?”

ಓಣಿಯಲ್ಲಿ ನಗು ನಿಂತಿತ್ತು. ಕಸ್ತೂರೆವ್ವನಿಗೆ ನಾಚಿಕೆಯಾಯಿತು, ಅದರ ಹಿಂದೆಯೇ ವಿಪರೀತ ಸಿಟ್ಟೂ ಬಂತು. ನಾನೇನು ಮೋಜು ಮಾಡಲು ಹೋಗಿದ್ದೆನೆ? ಆ ಪಂಪು, ಆ ಫರಸಿ ಯಾರಿಗಾಗಿ? ಹೀಗೆಲ್ಲ ಹೇಳಬೇಕೆನಿಸಿತು. ಎದುರಿಗೆ ನಿಂತವಳ ಕೈಯ ಹಿಟ್ಟು ಒಣಗುತ್ತಿರುವುದು ನೋಡಿ ಹೇಳಲಿಲ್ಲ. ‘ಒಂದು’ ಎಂದು ಬರೆದಳು.

ಮೈಲಾರವ್ವ ಒಳಗೆ ಹೋಗಿ ಟ್ರಂಕು ತೆರೆದು ಕಾರ್ಡು ತಂದು ಹಲಗೆಯ ಮೇಲೆ ಇಟ್ಟಳು. ಅದರ ಒಂದು ಮೂಲೆಗೆ ಹಿಟ್ಟು ಹತ್ತಿತು.

“ಒಯ್ಯಿ. ನಿನ್ನ ನೌಕರಿ ಛಲೋ ನಡೀಲಿ.”

ಅವಳು ಹಿತ್ತಲಿಗೆ ತಿರುಗಿದಳು. ತಾಯವ್ವ ಅಡ್ಡ ಬಂದಳು. “ಅಲ್ಲ, ಈಗರ ಒಳಗ ಬಾ. ಕಾರ್ಡ ಹೋತಲ್ಲ.”

“ಕಾರ್ಡ ಹೋತ್ರಿ ಅತ್ತಿ. ಹಂಚ ನನ್ನ ಹಂತ್ಯಾಕ ಐತಿ,” ಎಂದು ಮೈಲಾರವ್ವ ಹೋಗಿ ಒಲೆಯ ಮುಂದೆ ಕುಳಿತಳು. ಹಿತ್ತಲಿನಿಂದ ಹೊಗೆ ಎದ್ದಿತು.

ಅವತ್ತು ಸಂಶಿಯ ಮಂದಿ ಒಬ್ಬೊಬ್ಬರಾಗಿ ಕಾರ್ಡು ತಂದುಕೊಟ್ಟರು. ಮರಿಯಮಬಿ ಸಕ್ಕರೆ ಡಬ್ಬಿಯ ಕೀಲಿ ಮಾತ್ರ ಕೊಡಲಿಲ್ಲ. ವಾರ ಕಳೆಯುವುದರೊಳಗೆ ಸುತ್ತಲಿನ ಹಳ್ಳಿಗಳವರೂ ಕೊಡತೊಡಗಿದರು. ಯಂತ್ರದ ಲೆಕ್ಕ ದಾರಿಗೆ ಬಂತು. ದೇಸಾಯರು ಮೇಡಂ ಮೇಡಂ ಎಂದು ಹೊಗಳಿದರು, ಬೆಂಗಳೂರಿನ ಅಧಿಕಾರಿ ಫೋನಿನಲ್ಲಿ ‘ವೆರಿ ಗುಡ್’ ಅಂದರು. ಗುಡದಪ್ಪನ ಮನೆ ಯಂತ್ರದಲ್ಲಿ ಒಂದೇ ಕುಟುಂಬವಾಯಿತು. ಮನೆಯಲ್ಲಿ ಒಂದೇ ಹಂಚು ಇದ್ದಾಗ ಕಸ್ತೂರೆವ್ವನ ಹಾಳೆ ಎರಡು ಕುಟುಂಬ ಎಂದಿತ್ತು. ಈಗ ಹಂಚು ಎರಡಿದ್ದವು, ಹಾಳೆ ಒಂದೇ ಕುಟುಂಬ ಎನ್ನುತ್ತಿತ್ತು. ಇದನ್ನು ತಿದ್ದಲು ಯಾವ ಪ್ರಶ್ನೆ ಕೇಳಬೇಕೆಂದು ಅವಳಿಗೆ ತಿಳಿಯಲಿಲ್ಲ.

ಶಿವರಾತ್ರಿ ಮುಗಿದ ಮರುದಿನ ತಾಯವ್ವನ ಬಲಗೈ ಮುಷ್ಟಿ ಕಟ್ಟಲಾರದಷ್ಟು ಊದಿತು. ಕಸ್ತೂರೆವ್ವ ಸೀರೆ ಸೆರಗು ಸಿಗಿಸಿ ಒಲೆಯ ಮುಂದೆ ಕುಳಿತಳು. ಅವತ್ತು ಜಿಲ್ಲೆಯ ಗುತ್ತಿಗೆಯ ಮಾತುಕತೆಗೆ ಅಧಿಕಾರಿಗಳು ಹುಬ್ಬಳ್ಳಿಗೆ ಬರುವವರಿದ್ದರು, ಬೆಳಗಿನ ಗಾಡಿ ತಪ್ಪುವ ಹಾಗಿರಲಿಲ್ಲ. ನೀರು ಹೆಚ್ಚಾಗಿ ಹಿಟ್ಟು ಕೈಗೆ ಅಂಟಿತು. ಇನ್ನಷ್ಟು ಹಿಟ್ಟು ಹಾಕಿದಳು, ಈಗ ಅಂಚು ಬಿರಿಯಿತು. ಬಡಿದದ್ದು ಹಂಚಿಗೆ ಹಾಕಲು ಎತ್ತಿದರೆ ನಡುವೆ ಹರಿದು ಅರ್ಧ ಒಲೆಯಲ್ಲಿ ಬಿತ್ತು. ಹೊಗೆಗೆ ಕಣ್ಣಲ್ಲಿ ನೀರು ಬಂತು. ಬಚ್ಚಲಿಂದ ಗುಡದಪ್ಪನ ಶಿವಶಿವಾ ಕೇಳುತ್ತಿತ್ತು. ಗೋಡೆಯಾಚೆ ಹಿತ್ತಲಲ್ಲಿ ಮೈಲಾರವ್ವ ರೊಟ್ಟಿ ಬಡಿಯುವ ಸದ್ದು ಒಂದೇ ಲಯದಲ್ಲಿ ಬರುತ್ತಿತ್ತು.

ದೂರದಲ್ಲಿ ಹುಬ್ಬಳ್ಳಿಯ ಗಾಡಿ ಕೂಗಿತು.

“ಹಿಟ್ಟ ನಾದಾಕ ಬರೂದಿಲ್ಲಲ್ಲ ನಿನಗ,” ಎಂದಳು ತಾಯವ್ವ, ಕೈಯನ್ನು ಮಡಿಲಲ್ಲಿಟ್ಟುಕೊಂಡು. “ಮನೀ ಎಲ್ಲಾ ಒಂದ ಅಂತ ಬರದಿಯಲ್ಲ ಊರ ಮುಂದ? ಹಂಗಾರ ಕೂಗು ಆಕೀನ. ಬರತಾಳೇನು ನೋಡೂಣು.”

ಕಸ್ತೂರೆವ್ವ ಹಿತ್ತಲ ಬಾಗಿಲ ತನಕ ಹೋದಳು. ಬಾಯಿ ತೆರೆದಳು. ವೈನಿ ಎನ್ನುವ ಒಂದು ಮಾತು ಹೊರಡಲಿಲ್ಲ. ಹಿಟ್ಟಿನ ಕೈಯಲ್ಲೇ ಬಾಗಿಲು ಹಿಡಿದು ನಿಂತಳು, ಗಾಡಿ ಸಂಶಿಗೆ ಬಂದು ನಿಂತು, ಅವಳನ್ನು ಬಿಟ್ಟು ಹೊರಟುಹೋಯಿತು.